ನಮ್ಮ ಕಡೆಗೆ ಮನೆ ಕಂಪ್ಯೂಟರು ಬಂದ ಚರಿತ್ರೆ

ಸಂಘದ ಬೆಳ್ಳಿಹಬ್ಬದ ಸ್ಮರಣ ಸಂಚಿಕೆಗೆ ಚರಿತ್ರೆಯ ಲೇಖನವೊಂದನ್ನು ಬರೆದುಕೊಡಿ ಎಂದು ಸಂಪಾದಕ ಮಂಡಳಿಯವರು ಕೇಳಿದರು. ಕೆರೆ, ದೇವಸ್ಥಾನ, ಶಾನುಭೋಗರ ಕಾಲ ಇವುಗಳ ಬಗ್ಗೆ ಬರೆಯುವ ಹಿರಿಯರು ನಮ್ಮಲ್ಲಿ ಬೇಕಾದಷ್ಟು ಮಂದಿ ಇದ್ದಾರೆ. ಆದ್ದರಿಂದ ನಾವು ಅಷ್ಟು ಹಳೆಯದಲ್ಲದ, ಆದರೆ ಯಾರೂ ಬರೆದಿಡದ ಒಂದು ವಿಷಯವನ್ನು ಆರಿಸಿಕೊಂಡಿದ್ದೇವೆ. ನಮ್ಮಂಥ ಸಂಘಗಳ ಸಾಲದ ವಹಿಯನ್ನು ತೆರೆದರೆ ಎಮ್ಮೆ, ಪಂಪ್‌ಸೆಟ್ಟು, ಹೊಲಿಗೆ ಯಂತ್ರ, ಮದುವೆ ಖರ್ಚು, ಮನೆ ರಿಪೇರಿ ಇವುಗಳ ಸಾಲಿನಲ್ಲಿ ಒಂದು ಕಾಲಕ್ಕೆ ಇದ್ದಕ್ಕಿದ್ದ ಹಾಗೆ ‘ಕಂಪ್ಯೂಟರು’ ಎಂಬ ಮಾತು ಕಾಣಿಸಿಕೊಳ್ಳುತ್ತದೆ. ಆಮೇಲೆ ಕೆಲವು ವರ್ಷಕ್ಕೆ ಹಾಗೇ ಮಾಯವೂ ಆಗುತ್ತದೆ. ಈ ಮಾತು ಹೇಗೆ ಬಂತು, ಯಾರ ದುಡ್ಡಿನಲ್ಲಿ ಬಂತು, ಬಂದು ಏನು ಮಾಡಿತು ಎಂಬುದನ್ನು ತಿಳಿದ ಮಟ್ಟಿಗೆ ಇಲ್ಲಿ ಹೇಳುತ್ತೇವೆ.

ಮೊದಲು ನಮ್ಮ ದಿಕ್ಕನ್ನು ಸ್ವಲ್ಪ ನೆನಪು ಮಾಡಿಕೊಳ್ಳೋಣ. ಶಿವಾಜಿನಗರದ ಬಸ್ ನಿಲ್ದಾಣದಲ್ಲಿ ಬಸ್ಸು ಹತ್ತಿ ಹಲಸೂರು, ಇಂದಿರಾನಗರ, ಬೈಯಪ್ಪನಹಳ್ಳಿ, ಟಿನ್ ಫ್ಯಾಕ್ಟರಿ ದಾಟಿ ಕೃಷ್ಣರಾಜಪುರ ಸೇರುವ ಹಳೇ ಮದ್ರಾಸು ರಸ್ತೆ ಒಂದು ಕಾಲಕ್ಕೆ ಕಾರ್ಖಾನೆಗಳ ರಸ್ತೆ. ವಿಮಾನ ಕಾರ್ಖಾನೆ ಎಚ್.ಎ.ಎಲ್. 1940ರಲ್ಲಿ, ದೂರವಾಣಿನಗರದ ಐ.ಟಿ.ಐ. 1948ರಲ್ಲಿ, ಆಮೇಲೆ ಬೈಯಪ್ಪನಹಳ್ಳಿಯ ಎನ್.ಜಿ.ಇ.ಎಫ್. ಹುಟ್ಟಿದವು. ಸುತ್ತಲಿನ ಹಳ್ಳಿಗಳಿಂದ ಸೈಕಲ್ಲಿನಲ್ಲಿ, ಊಟದ ಡಬ್ಬಿ ಕಟ್ಟಿಕೊಂಡು ಶಿಫ್ಟಿಗೆ ಹೋಗುತ್ತಿದ್ದವರ ಸಾಲು ಈಗಿನ ಹುಡುಗರಿಗೆ ಗೊತ್ತಿಲ್ಲ. ಹೊಲವೂ ಇತ್ತು, ಹಾಜರಿ ಚೀಟಿಯೂ ಇತ್ತು. ಐ.ಟಿ.ಐ.ನಲ್ಲಿ ಟೆಲಿಫೋನು, ಎಕ್ಸ್‌ಚೇಂಜುಗಳ ಒಳಗಿನ ಕಾಯಿಲ್ ಸುತ್ತುವುದು, ವೈರಿಂಗ್ ಮಾಡುವುದು, ಬೆಸುಗೆ ಹಾಕುವುದು ಇವುಗಳಲ್ಲಿ ಹೆಣ್ಣುಮಕ್ಕಳೂ ಬಹಳ ಮಂದಿ ಕೈ ಪಳಗಿಸಿಕೊಂಡಿದ್ದರು. ಸರ್ಕ್ಯೂಟ್ ಬೋರ್ಡು ಎಂದರೆ ಏನು ಎಂದು ನಮ್ಮ ಕಡೆಯ ಎಷ್ಟೋ ಅಡುಗೆಮನೆಗಳಿಗೆ ಕಂಪ್ಯೂಟರು ಬರುವ ಮೊದಲೇ ಗೊತ್ತಿತ್ತು. ಈ ಮಾತನ್ನು ನೆನಪಿಟ್ಟುಕೊಳ್ಳಿ, ಮುಂದೆ ಬೇಕಾಗುತ್ತದೆ.

ಕಂಪ್ಯೂಟರೆಂಬ ವಸ್ತು ನಮ್ಮ ದಿಕ್ಕಿನಲ್ಲಿ ಮನೆಗೆ ಬರುವುದಕ್ಕೆ ಎಷ್ಟೋ ಮೊದಲೇ ಕಚೇರಿಗಳಲ್ಲಿ ಇತ್ತು. ಅಮೆರಿಕದ ಟೆಕ್ಸಾಸ್ ಇನ್‌ಸ್ಟ್ರುಮೆಂಟ್ಸ್ ಕಂಪನಿ 1985ರಲ್ಲಿ ಬಂದು ಕಂಟೋನ್ಮೆಂಟಿನ ಮಿಲ್ಲರ್ಸ್ ರಸ್ತೆಯಲ್ಲಿ ಕಚೇರಿ ಮಾಡಿತು. ಉಪಗ್ರಹದ ಮೂಲಕ ಅಮೆರಿಕಕ್ಕೆ ಸಂಪರ್ಕ ಕೊಡುವ ಅದರ ಸಾಮಾನನ್ನು ಎತ್ತಿನ ಗಾಡಿಯಲ್ಲಿ ಸಾಗಿಸಿದ ಫೋಟೋವನ್ನು ನಮ್ಮಲ್ಲಿ ಅನೇಕರು ಪತ್ರಿಕೆಗಳಲ್ಲಿ ನೋಡಿರುತ್ತೀರಿ. ಅದರ ಹಿಂದಿನ ವರ್ಷ, 1984ರಲ್ಲಿ, ಕೇಂದ್ರ ಸರ್ಕಾರ ಕಂಪ್ಯೂಟರಿನ ಹೊಸ ನೀತಿ ತಂದು ಲೈಸೆನ್ಸು, ಸುಂಕದ ಬಿಗಿಯನ್ನು ಸಡಿಲ ಮಾಡಿತ್ತು. ಅದೇ ಸುಮಾರಿಗೆ ಶಾಲೆಗಳಿಗೆಂದು ‘ಕ್ಲಾಸ್’ ಎಂಬ ಯೋಜನೆಯೂ ಶುರುವಾಗಿ, ಇಂಗ್ಲೆಂಡಿನ ಬಿ.ಬಿ.ಸಿ. ಮೈಕ್ರೋ ಯಂತ್ರಗಳು ದೇಶದ ಆಯ್ದ ಕೆಲವು ಶಾಲೆಗಳಿಗೆ ಬಂದವು. ಹಳ್ಳಿಗೆ ಬಂದದ್ದು ಬೇರೆ ರೂಪದಲ್ಲಿ. ಸ್ಯಾಮ್ ಪಿತ್ರೋಡಾ ಅವರ ಸಿ-ಡಾಟ್ ಸಂಸ್ಥೆ ಹಳ್ಳಿಗಳಿಗಾಗಿಯೇ ಮಾಡಿದ ಸಣ್ಣ ಎಲೆಕ್ಟ್ರಾನಿಕ್ ಎಕ್ಸ್‌ಚೇಂಜು 1986ರಲ್ಲಿ ಮೊಟ್ಟಮೊದಲಿಗೆ ನಮ್ಮ ರಾಜ್ಯದ ಕಿತ್ತೂರಿನಲ್ಲಿ ಚಾಲೂ ಆಯಿತು. ಧೂಳು, ಸೆಕೆ ತಡೆದುಕೊಂಡು ಎ.ಸಿ. ಇಲ್ಲದ ಕೋಣೆಯಲ್ಲಿ ಕೆಲಸ ಮಾಡುವ ಯಂತ್ರ ಅದು. ಅಂಥ ಯಂತ್ರಗಳನ್ನು ತಯಾರಿಸಿದವರಲ್ಲಿ ಐ.ಟಿ.ಐ. ಒಂದು.

ಹೀಗಿದ್ದರೂ ಮನೆಗೆ ಒಂದು ಕಂಪ್ಯೂಟರು ತರುವುದು ಎಂದರೆ 1990ರ ಸುಮಾರಿಗೆ ಹುಚ್ಚಿನ ಮಾತು. ಯಾತಕ್ಕೆ ತರಬೇಕು? ಕಪ್ಪು ಪರದೆ, ಹಸಿರು ಅಕ್ಷರ, ಸದ್ದಿಲ್ಲ, ಬಣ್ಣವಿಲ್ಲ. ಲೆಕ್ಕ ಬರೆಯುವ ಗುಮಾಸ್ತನಿಗೆ ಬೇಕಾದೀತು, ಸಂಸಾರಕ್ಕಲ್ಲ. ಇಂದಿರಾನಗರದಲ್ಲಿ ಎಚ್.ಎ.ಎಲ್.ನ ಎಂಜಿನಿಯರುಗಳು, ರಕ್ಷಣಾ ಇಲಾಖೆಯ ವಿಜ್ಞಾನಿಗಳು, ವಿದೇಶಕ್ಕೆ ಹೋಗಿಬಂದವರು ಇವರ ಮನೆಗಳಲ್ಲಿ ಅಲ್ಲೊಂದು ಇಲ್ಲೊಂದು ಇದ್ದಿರಬಹುದು. ಹಲಸೂರಿನ ಸೋಮೇಶ್ವರ ದೇವಸ್ಥಾನದ ಹಿಂದಿನ ಗಲ್ಲಿಗಳಲ್ಲಾಗಲಿ ಕೃಷ್ಣರಾಜಪುರದ ಈಚೆಗಿನ ಹಳ್ಳಿಗಳಲ್ಲಾಗಲಿ ಅದರ ಮಾತು ಏಳುತ್ತಿರಲಿಲ್ಲ.

ಆ ಮಾತು ಏಳುವ ಹಾಗೆ ಮಾಡಿದ್ದು ‘ಮಲ್ಟಿಮೀಡಿಯಾ’ ಎಂಬ ಒಂದೇ ಒಂದು ಪದ. ಕನ್ನಡದಲ್ಲಿ ಬಹುಮಾಧ್ಯಮ ಅಂತ ಬರೆದರು, ಯಾರೂ ಹಾಗೆ ಕರೆಯಲಿಲ್ಲ. ಅದೇನೂ ದೊಡ್ಡ ಮಂತ್ರವಲ್ಲ. ಅದೇ ಕಂಪ್ಯೂಟರಿಗೆ ಮೂರು ಸಾಮಾನು ಸೇರಿಸುವುದು: ಸಿ.ಡಿ. ಓದುವ ಡ್ರೈವು, ಸದ್ದು ಹೊರಡಿಸುವ ಸೌಂಡ್ ಕಾರ್ಡು, ಎರಡು ಸ್ಪೀಕರು. ಸಿಂಗಪುರದ ಕ್ರಿಯೇಟಿವ್ ಕಂಪನಿ 1989ರಲ್ಲಿ ಸೌಂಡ್ ಬ್ಲಾಸ್ಟರ್ ಎಂಬ ಕಾರ್ಡು ತಂದ ಮೇಲೆ ಕಂಪ್ಯೂಟರಿಗೆ ಗಂಟಲು ಬಂತು. 1991ರಲ್ಲಿ ವಿದೇಶದ ಕಂಪನಿಗಳೆಲ್ಲ ಸೇರಿ ‘ಮಲ್ಟಿಮೀಡಿಯಾ ಪಿ.ಸಿ.’ ಎಂದು ಹೇಳಿಸಿಕೊಳ್ಳಬೇಕಾದರೆ ಇಷ್ಟಾದರೂ ಇರಬೇಕು ಅಂತ ಒಂದು ಅಳತೆ ಹಾಕಿದವು: 386 ಜಾತಿಯ ಪ್ರೊಸೆಸರು, 2 ಎಂ.ಬಿ. ಮೆಮೊರಿ, 30 ಎಂ.ಬಿ. ಹಾರ್ಡ್ ಡಿಸ್ಕು. ಐದೇ ವರ್ಷದೊಳಗೆ ಆ ಅಳತೆ ಪೆಂಟಿಯಂ 75, 8 ಎಂ.ಬಿ. ಮೆಮೊರಿ, 540 ಎಂ.ಬಿ. ಡಿಸ್ಕಿಗೆ ಏರಿತು. ಇವತ್ತು ವಾಟ್ಸಾಪಿನಲ್ಲಿ ಬರುವ ಒಂದು ಮದುವೆ ವಿಡಿಯೋ ಕೂಡ ಆ ಮೊದಲ ಡಿಸ್ಕಿನಲ್ಲಿ ಹಿಡಿಸುವುದು ಕಷ್ಟ.

ಸಿ.ಡಿ.ಯ ಮಹಿಮೆ ಏನೆಂದರೆ ಅದರಲ್ಲಿ 650 ಎಂ.ಬಿ. ಹಿಡಿಸುತ್ತಿತ್ತು. ಅಂಗೈ ಅಗಲದ ಫ್ಲಾಪಿಯಲ್ಲಿ ಹಿಡಿಸುತ್ತಿದ್ದದ್ದು 1.44 ಎಂ.ಬಿ. ಲೆಕ್ಕ ಹಾಕಿದರೆ ಒಂದು ಸಿ.ಡಿ. ಸುಮಾರು 450 ಫ್ಲಾಪಿಗೆ ಸಮ. 1995ರ ಆಗಸ್ಟಿನಲ್ಲಿ ವಿಂಡೋಸ್ 95 ಬಂದಾಗ ಫ್ಲಾಪಿಯಲ್ಲಿ ತಂದವರು 13 ಫ್ಲಾಪಿಗಳನ್ನು ಒಂದಾದ ಮೇಲೊಂದು ತೂರಿಸುತ್ತಾ ಕೂರಬೇಕಿತ್ತು. ಹನ್ನೊಂದನೆಯದು ಕೆಟ್ಟಿದ್ದರೆ ಮೊದಲಿಂದ ಶುರು. ಸಿ.ಡಿ. ಇದ್ದವನು ರಾಜ. 1993ರಲ್ಲಿ ಬಂದ ಮೈಕ್ರೋಸಾಫ್ಟಿನ ಎನ್‌ಕಾರ್ಟಾ ಎಂಬ ವಿಶ್ವಕೋಶ ಒಂದೇ ತಟ್ಟೆಯಲ್ಲಿ ಬಂತು. ಚಿತ್ರಕ್ಕೆ ಚಿತ್ರ, ಸದ್ದಿಗೆ ಸದ್ದು, ನಡುನಡುವೆ ಅಂಚೆಚೀಟಿ ಗಾತ್ರದಲ್ಲಿ ಓಡುವ ಸಿನಿಮಾ ತುಣುಕು. ಇದನ್ನು ತೋರಿಸಿಯೇ ನಮ್ಮ ಕಡೆಯ ತಂದೆತಾಯಿಗಳ ಜೇಬಿಗೆ ಕೈ ಹಾಕಿದ್ದು. ‘ಮಕ್ಕಳ ವಿದ್ಯಾಭ್ಯಾಸಕ್ಕೆ’ ಅಂತ.

ಅಂಗಡಿಯ ವಿಷಯಕ್ಕೆ ಬರೋಣ. ಇದು ಸ್ವಲ್ಪ ವಿವರವಾಗಿ ಹೇಳಬೇಕಾದ ಭಾಗ.

ನಮ್ಮ ಕಡೆಯವರಿಗೆ ಹತ್ತಿರದ ಪೇಟೆ ಎಂದರೆ ಶಿವಾಜಿನಗರ. ತರಕಾರಿಗೆ ರಸೆಲ್ ಮಾರ್ಕೆಟ್ಟು, ಬಟ್ಟೆಗೆ ಕಮರ್ಷಿಯಲ್ ಸ್ಟ್ರೀಟು. ಕಂಪ್ಯೂಟರಿಗೂ ಮೊದಲು ಅತ್ತಲೇ ಹೋದರು. ಎಂ.ಜಿ. ರಸ್ತೆ, ಬ್ರಿಗೇಡ್ ರಸ್ತೆ, ರೆಸಿಡೆನ್ಸಿ ರಸ್ತೆ, ಇನ್‌ಫೆಂಟ್ರಿ ರಸ್ತೆಗಳಲ್ಲಿ ಗಾಜಿನ ಬಾಗಿಲಿನ, ಎ.ಸಿ. ಹಾಕಿದ ಷೋರೂಮುಗಳು ಇದ್ದವು. ಎಚ್.ಸಿ.ಎಲ್.ನವರ ಬೀನ್‌ಸ್ಟಾಕ್, ವಿಪ್ರೋದವರು ತೈವಾನಿನ ಏಸರ್ ಜೊತೆ ಸೇರಿ ಮಾಡಿದ್ದು, ಜೆನಿತ್ ಹೀಗೆ ಹೆಸರು ಮಾಡಿದ ಯಂತ್ರಗಳು. ಟಿ.ವಿ. ತರುವ ಹಾಗೆ ಡಬ್ಬಿಯಲ್ಲಿ ತಂದು, ಮನೆಗೆ ಬಂದು ಜೋಡಿಸಿ, ವಾರಂಟಿ ಕಾರ್ಡಿಗೆ ಮೊಹರು ಒತ್ತಿ ಕೊಡುತ್ತಿದ್ದರು. ಆದರೆ ರೇಟು ಕೇಳಿದರೆ ಅಲ್ಲೇ ತಣ್ಣಗಾಗಬೇಕು. ತೊಂಬತ್ತರ ದಶಕದ ನಡುವಿನಲ್ಲಿ ಮಲ್ಟಿಮೀಡಿಯಾ ಸಮೇತ ಇಂಥ ಯಂತ್ರಕ್ಕೆ ಅಂದಾಜು ಅರವತ್ತರಿಂದ ಎಂಬತ್ತು ಸಾವಿರ ರೂಪಾಯಿ. ಬಾಗಿಲಲ್ಲಿ ಚಪ್ಪಲಿ ಬಿಡಬೇಕೋ ಬೇಡವೋ ಅಂತ ಅನುಮಾನ ಪಡುವ ನಮ್ಮವರಿಗೆ ಆ ಗಾಜಿನ ಬಾಗಿಲೇ ಅರ್ಧ ಉತ್ತರ ಕೊಡುತ್ತಿತ್ತು.

ಹಾಗಾಗಿ ಜನ ಕಂಟೋನ್ಮೆಂಟು ದಾಟಿ ಪೇಟೆಗೆ ಹೋದರು. ಬ್ರಿಟಿಷರು 1809ರ ಸುಮಾರಿಗೆ ದಂಡು ತಂದಿಟ್ಟ ಮೇಲೆ ದಂಡಿನ ಊರು ಬೇರೆ, ಪೇಟೆಯ ಊರು ಬೇರೆಯಾಗಿದ್ದು, ಎರಡೂ ಒಂದೇ ಕಾರ್ಪೊರೇಷನ್ ಆದದ್ದು 1949ರಲ್ಲಿ. ಕಾಗದದಲ್ಲಿ ಒಂದಾದರೂ ದಂಡಿನವರು ದಂಡಿನಲ್ಲೇ, ಪೇಟೆಯವರು ಪೇಟೆಯಲ್ಲೇ ವ್ಯಾಪಾರ ಮಾಡುವ ರೂಢಿ ಬಹಳ ಕಾಲ ಉಳಿದಿತ್ತು. ಪೂರ್ವ ದಿಕ್ಕಿನ ಎಷ್ಟೋ ಮಂದಿ ಟೌನ್‌ಹಾಲಿನ ಹತ್ತಿರದ ಎಸ್.ಪಿ. ರಸ್ತೆಯನ್ನು, ಅಂದರೆ ಸಾದರ ಪತ್ರಪ್ಪ ರಸ್ತೆಯನ್ನು, ಮೊದಲ ಸಲ ನೋಡಿದ್ದೇ ಕಂಪ್ಯೂಟರಿನ ನೆಪದಲ್ಲಿ. ಬೇರಿಂಗು, ಮೋಟಾರು, ವೈರು, ರೇಡಿಯೋ ಭಾಗಗಳನ್ನು ಮಾರುತ್ತಿದ್ದ ಆ ಇಕ್ಕಟ್ಟು ಬೀದಿಯಲ್ಲಿ ಕಂಪ್ಯೂಟರಿನ ಭಾಗಗಳೂ ಬಂದು ಕೂತಿದ್ದವು. ಅಲ್ಲಿ ಇಡೀ ಕಂಪ್ಯೂಟರು ಮಾರುತ್ತಿರಲಿಲ್ಲ, ಕಂಪ್ಯೂಟರಿನ ಬಿಡಿಭಾಗ ಮಾರುತ್ತಿದ್ದರು. ಮದರ್‌ಬೋರ್ಡು ಒಂದು ಅಂಗಡಿ, ಹಾರ್ಡ್ ಡಿಸ್ಕು ಇನ್ನೊಂದು ಅಂಗಡಿ, ಕ್ಯಾಬಿನೆಟ್ಟು ಮಹಡಿ ಮೇಲೆ. ಜೋಡಿಸುವ ಹುಡುಗ ಬೇರೆ. ಇದಕ್ಕೆ ‘ಅಸೆಂಬಲ್ಡ್’ ಎಂದು ಹೆಸರು. ಷೋರೂಮಿನ ಬೆಲೆಗಿಂತ ಹತ್ತಿಪ್ಪತ್ತು ಸಾವಿರ ಕಡಮೆ.

ಅಂಗಡಿಯವನು ಒಂದು ಚೀಟಿಯಲ್ಲಿ ಕೊಟೇಶನ್ ಬರೆದುಕೊಡುತ್ತಿದ್ದ. ಕೆಳಗೆ ‘ಈ ರೇಟು ಇವತ್ತಿಗೆ ಮಾತ್ರ’ ಅಂತ ಸೇರಿಸುತ್ತಿದ್ದ. ನಮ್ಮವರಿಗೆ ಇದು ಮೋಸದ ಹಾಗೆ ಕಾಣುತ್ತಿತ್ತು. ಟೊಮೊಟೊಗೆ ದಿನದ ರೇಟು ಸರಿ, ಕಬ್ಬಿಣದ ಪೆಟ್ಟಿಗೆಗೆ ಏನು ದಿನದ ರೇಟು? ಆದರೆ ಅದು ನಿಜವೇ ಆಗಿತ್ತು. ಕಂಪ್ಯೂಟರಿನ ಮೆಮೊರಿ ಚಿಪ್ಪು ಹೊರಗಿನಿಂದ ಬರಬೇಕು, ಡಾಲರಿನಲ್ಲಿ ಕೊಳ್ಳಬೇಕು. 1991ರ ಜುಲೈ ತಿಂಗಳಲ್ಲಿ ಎರಡೇ ಕಂತಿನಲ್ಲಿ ರೂಪಾಯಿಯ ಬೆಲೆ ಇಳಿಸಿದಾಗ 21 ರೂಪಾಯಿಯ ಆಸುಪಾಸಿನಲ್ಲಿದ್ದ ಡಾಲರು 26ರ ಹತ್ತಿರ ಹೋಯಿತು. 1993ರ ಜುಲೈಯಲ್ಲಿ ಜಪಾನಿನ ನೀಹಾಮಾ ಎಂಬ ಊರಿನಲ್ಲಿ ಸುಮಿಟೋಮೊ ಕಂಪನಿಯ ಕಾರ್ಖಾನೆಯೊಂದಕ್ಕೆ ಬೆಂಕಿ ಬಿತ್ತು. ಚಿಪ್ಪಿನ ಮೈಮೇಲೆ ಮೆತ್ತುವ ಒಂದು ಬಗೆಯ ಅಂಟನ್ನು ಜಗತ್ತಿಗೆಲ್ಲ ಹೆಚ್ಚಾಗಿ ಒದಗಿಸುತ್ತಿದ್ದದ್ದು ಆ ಒಂದು ಕಾರ್ಖಾನೆ. ಮೆಮೊರಿಯ ಬೆಲೆ ಲೋಕದಲ್ಲೆಲ್ಲ ಧಿಗ್ಗನೆ ಏರಿತು. ಮೂರು ವರ್ಷ ಬಿಟ್ಟು 1996ರಲ್ಲಿ ಕಾರ್ಖಾನೆಗಳು ಹೆಚ್ಚಾಗಿ ಚಿಪ್ಪು ಸುರಿದದ್ದಕ್ಕೆ ಅದೇ ಬೆಲೆ ದಬಾರನೆ ಬಿತ್ತು. ಜನವರಿಯಲ್ಲಿ ಕೊಂಡವನು ಡಿಸೆಂಬರಿನಲ್ಲಿ ಕೊಂಡವನನ್ನು ನೋಡಿ ಹೊಟ್ಟೆ ಉರಿದುಕೊಂಡ. ಕೋಲಾರದ ಮಾರ್ಕೆಟ್ಟಿಗೆ ಟೊಮೊಟೊ ಹಾಕುವವರಿಗೆ ಈ ನೋವು ಹೊಸದಲ್ಲ ಬಿಡಿ.

ಇನ್ನು ಬಿಲ್ಲಿನ ಸಮಾಚಾರ. ಬಿಲ್ಲು ಬೇಕೆಂದರೆ ಒಂದು ರೇಟು, ಬೇಡವೆಂದರೆ ಇನ್ನೊಂದು ರೇಟು. ಸುಂಕ ಕಟ್ಟಿ ಬಂದ ಮಾಲು ಯಾವುದು, ಸಿಂಗಪುರ, ಹಾಂಗ್‌ಕಾಂಗಿನಿಂದ ಪೆಟ್ಟಿಗೆಯಲ್ಲಿ ಹಾಗೇ ಬಂದದ್ದು ಯಾವುದು ಅಂತ ಅಂಗಡಿಯವನಿಗೇ ಗೊತ್ತು. ಆ ಕಾಲಕ್ಕೆ ಸುಂಕ ಹೆಚ್ಚಾಗಿದ್ದದ್ದೇ ಇದಕ್ಕೆ ಕಾರಣ. 1997ರಲ್ಲಿ ಭಾರತ ಅಂತಾರಾಷ್ಟ್ರೀಯ ಮಾಹಿತಿ ತಂತ್ರಜ್ಞಾನ ಒಪ್ಪಂದಕ್ಕೆ ಸೇರಿಕೊಂಡು ಹಂತಹಂತವಾಗಿ ಸುಂಕ ಇಳಿಸಿ, 2005ರ ಹೊತ್ತಿಗೆ ಕಂಪ್ಯೂಟರಿನ ಮೇಲಿನದನ್ನು ತೆಗೆದೇ ಹಾಕಿತು. ಸ್ಪೀಕರಿನ ಡಬ್ಬಿಯ ಮೇಲೆ ‘300 ವ್ಯಾಟ್ ಪಿ.ಎಂ.ಪಿ.ಒ.’ ಎಂದು ದಪ್ಪಕ್ಷರದಲ್ಲಿ ಬರೆದಿರುತ್ತಿತ್ತು. ಅದು ಒಂದು ಕ್ಷಣದ ಗರಿಷ್ಠ ಲೆಕ್ಕ. ನಿಜವಾಗಿ ಹೊರಡುವ ಸದ್ದು ಐದಾರು ವ್ಯಾಟು. ನಮ್ಮೂರ ಜಾತ್ರೆಯ ಮೈಕು ಬಾಡಿಗೆಯವರು ಅದನ್ನು ಓದಿ ನಕ್ಕುಬಿಟ್ಟರು.

ಇಲ್ಲಿ ಕೆಲಸಕ್ಕೆ ಬಂದದ್ದು ಕಾರ್ಖಾನೆಯ ಕೈಗಳು. ಕೊಳ್ಳಲು ಹೋಗುವಾಗ ಒಬ್ಬರೇ ಹೋಗುತ್ತಿರಲಿಲ್ಲ. ಐ.ಟಿ.ಐ.ನ ಟೆಸ್ಟಿಂಗ್ ವಿಭಾಗದವರೊಬ್ಬರು, ಕಂಪ್ಯೂಟರ್ ಕ್ಲಾಸಿಗೆ ಸೇರಿದ ಹುಡುಗನೊಬ್ಬ, ಚೌಕಾಶಿ ಮಾಡಲು ಮಾತುಗಾರನೊಬ್ಬ, ಹೀಗೆ ಮೂರು ನಾಲ್ಕು ಜನ. ದನದ ಜಾತ್ರೆಗೆ ಹಲ್ಲು ಎಣಿಸುವವನನ್ನು ಕರೆದುಕೊಂಡು ಹೋಗುವ ಪದ್ಧತಿಯೇ ಇದು. ಬೋರ್ಡನ್ನು ಬೆಳಕಿಗೆ ಹಿಡಿದು ಬೆಸುಗೆ ಸರಿಯಾಗಿ ಕೂತಿದೆಯೇ, ಹಳೇ ಮಾಲಿಗೆ ಬಣ್ಣ ಬಳಿದಿದ್ದಾರೆಯೇ ಎಂದು ನೋಡಿ ಹೇಳುವ ಕಣ್ಣು ಆ ಹಿರಿಯರಿಗಿತ್ತು. ಮೆಗಾಹರ್ಟ್ಸು, ಮೆಗಾಬೈಟಿನ ಲೆಕ್ಕ ಹುಡುಗನ ಪಾಲಿಗೆ. ಸಂಜೆಗೆ ಆಟೋದಲ್ಲಿ ಹತ್ತು ಹನ್ನೆರಡು ಕೆ.ಜಿ. ತೂಕದ ಮಾನಿಟರನ್ನು ಕೈಕೂಸಿನ ಹಾಗೆ ತೊಡೆಯ ಮೇಲಿಟ್ಟುಕೊಂಡು, ಹಲಸೂರಿನ ಹಳ್ಳಗಳಲ್ಲಿ ‘ನಿಧಾನ, ನಿಧಾನ’ ಎಂದು ಕೂಗುತ್ತಾ, ಕೃಷ್ಣರಾಜಪುರದ ರೈಲ್ವೆ ಗೇಟಿನಲ್ಲಿ ಕಾದು ಊರು ಸೇರಬೇಕು. ತೂಗುಸೇತುವೆ ಬಂದದ್ದು 2003ರಲ್ಲಿ.

ಈಗ ದುಡ್ಡಿನ ಮಾತು. ನಮ್ಮ ಸಂಘದ ಸಂಚಿಕೆಯಲ್ಲಿ ಇದನ್ನು ಬರೆಯುವುದಕ್ಕೆ ಮುಖ್ಯ ಕಾರಣವೇ ಇದು.

ಐವತ್ತು ಸಾವಿರ ಎಂದರೆ ಆಗ ಎರಡು ಸ್ಕೂಟರಿನ ಬೆಲೆ. ಕಾರ್ಖಾನೆಯ ಕಾರ್ಮಿಕನಿಗೆ ಹೆಚ್ಚುಕಡಮೆ ಒಂದು ವರ್ಷ ಮನೆಗೆ ತರುವ ಸಂಬಳ. ಬ್ಯಾಂಕಿನವರು ಕಂಪ್ಯೂಟರನ್ನು ಅಡವಿಗೆ ಒಪ್ಪುವ ವಸ್ತು ಅಂತ ನೋಡುತ್ತಿರಲಿಲ್ಲ, ಮತ್ತು ಅದರಲ್ಲಿ ತಪ್ಪೂ ಇರಲಿಲ್ಲ. ಮೂರು ವರ್ಷಕ್ಕೆ ಕಾಲುಭಾಗಕ್ಕೆ ಇಳಿಯುವ ಸಾಮಾನನ್ನು ಯಾರು ಅಡವಿಡಿಸಿಕೊಳ್ಳುತ್ತಾರೆ? ಹಾಗಾಗಿ ದುಡ್ಡು ಹೊರಟದ್ದು ಪ್ರಾವಿಡೆಂಟ್ ಫಂಡಿನ ಮುಂಗಡದಿಂದ, ಹೆಂಗಸರ ಚೀಟಿಯಿಂದ, ಒಡವೆಯಿಂದ, ಕಾರ್ಖಾನೆ ನೌಕರರ ಪತ್ತಿನ ಸಹಕಾರ ಸಂಘಗಳಿಂದ, ಆಮೇಲಾಮೇಲೆ ನಮ್ಮಂಥ ಹಳ್ಳಿ ಸಂಘಗಳಿಂದ. ಷೇರುದಾರನಿಗೆ ಜಾಮೀನು ನಿಲ್ಲಲು ಇಬ್ಬರು ಷೇರುದಾರರು. ಯಂತ್ರ ನೋಡಿ ಕೊಟ್ಟ ಸಾಲವಲ್ಲ, ಮನುಷ್ಯನನ್ನು ನೋಡಿ ಕೊಟ್ಟ ಸಾಲ. 1905ರಲ್ಲಿ ಗದಗ ಸೀಮೆಯ ಕಣಗಿನಹಾಳದಲ್ಲಿ ಸಿದ್ದನಗೌಡ ಸಣ್ಣರಾಮನಗೌಡ ಪಾಟೀಲರು ದೇಶದ ಮೊದಲ ಕೃಷಿ ಪತ್ತಿನ ಸಹಕಾರ ಸಂಘ ಕಟ್ಟಿದಾಗ ಇದ್ದ ಲೆಕ್ಕಾಚಾರವೂ ಹೆಚ್ಚೂಕಡಮೆ ಇದೇ ಅಲ್ಲವೇ?

ಆದರೂ ತಕರಾರು ಆಗದೆ ಇರಲಿಲ್ಲ. ಅರ್ಜಿಯಲ್ಲಿ ‘ಸಾಲದ ಉದ್ದೇಶ’ ಎಂಬ ಒಂದು ಕಲಂ ಇರುತ್ತದೆ. ಎಮ್ಮೆ ಹಾಲು ಕೊಡುತ್ತದೆ, ಹೊಲಿಗೆ ಯಂತ್ರ ಕೂಲಿ ತರುತ್ತದೆ. ಕಂಪ್ಯೂಟರು ಏನು ಕೊಡುತ್ತದೆ? ಉತ್ಪಾದಕ ಸಾಲವೋ ಗೃಹೋಪಯೋಗಿ ಸಾಲವೋ? ಇದರ ಮೇಲೆ ಬಡ್ಡಿಯ ದರ ನಿಂತಿದ್ದರಿಂದ ಇದು ಒಣಚರ್ಚೆಯಲ್ಲ. ‘ಟಿ.ವಿ. ಇರೋ ಮನೇಲಿ ಇನ್ನೊಂದು ಟಿ.ವಿ.ಗೆ ಸಂಘದ ದುಡ್ಡಾ?’ ಎಂದು ಹಿರಿಯರು ಕೇಳಿದರೆ, ‘ನಿಮ್ಮ ಕಾಲದಲ್ಲಿ ಪಂಪ್‌ಸೆಟ್ಟಿಗೂ ಹೀಗೇ ಅಂದಿರಲಿಲ್ವಾ?’ ಎಂದು ಕಿರಿಯರು. ನಮಗೆ ಈಗ ಹಿಂದಿರುಗಿ ನೋಡಿದರೆ ಇಬ್ಬರ ಮಾತಿನಲ್ಲೂ ಹುರುಳಿತ್ತು ಅನ್ನಿಸುತ್ತದೆ. ಕೆಲವು ಮನೆಗಳಲ್ಲಿ ಅದು ನಿಜವಾಗಿಯೂ ಇನ್ನೊಂದು ಟಿ.ವಿ.ಯೇ ಆಯಿತು. ವಿ.ಸಿ.ಡಿ. ಹಾಕಿ ರಾಜ್‌ಕುಮಾರ್ ಸಿನಿಮಾ ನೋಡಿದರು, ಡೇವ್ ಆಟ, ಪ್ರಿನ್ಸ್ ಆಫ್ ಪರ್ಷಿಯಾ ಆಟ ಆಡಿದರು, ಕಂತು ಮಾತ್ರ ಕಟ್ಟುತ್ತಲೇ ಇದ್ದರು.

ಮನೆಯೊಳಗೆ ಅದರ ವೈಭೋಗ ನೋಡಬೇಕಿತ್ತು. ನಡುಮನೆಯ ಷೋಕೇಸಿನ ಪಕ್ಕ ಹೊಸ ಮೇಜು. ಉಳಿದ ಜಮಖಾನೆಯಲ್ಲಿ ಹೊಲಿದ ಹೊದಿಕೆ, ಅದಕ್ಕೆ ಅಂಚು. ಮುಟ್ಟುವ ಮೊದಲು ಕೈ ತೊಳೆಯಬೇಕು, ಚಪ್ಪಲಿ ಹಾಕಿ ಹತ್ತಿರ ಹೋಗಬಾರದು. ಧೂಳು ಬಿದ್ದರೆ ವೈರಸ್ ಬರುತ್ತದೆ ಎಂದು ನಂಬಿದವರೂ ಇದ್ದರು. ಆಯುಧಪೂಜೆಗೆ ಮಾನಿಟರಿನ ನೆತ್ತಿಗೆ ಕುಂಕುಮ, ಕೀಬೋರ್ಡಿಗೆ ಹೂವು. ಕರೆಂಟು ಮಾತ್ರ ಇದಕ್ಕೆಲ್ಲ ಮರ್ಯಾದೆ ಕೊಡುತ್ತಿರಲಿಲ್ಲ. ಹಳ್ಳಿ ಲೈನಿನಲ್ಲಿ ವೋಲ್ಟೇಜು ಸಂಜೆಗೆ ಬಿದ್ದು ರಾತ್ರಿಗೆ ಎದ್ದು ಕುಣಿಯುತ್ತಿತ್ತು. ಸ್ಟೆಬಿಲೈಸರಿಗೆ ಒಂದಷ್ಟು, ಹತ್ತು ನಿಮಿಷ ನಿಲ್ಲಿಸುವ ಯು.ಪಿ.ಎಸ್.ಗೆ ಇನ್ನಷ್ಟು. ಕೊಟೇಶನ್ನಿನಲ್ಲಿ ಇಲ್ಲದ ಈ ಖರ್ಚು ಕಂಡೇ ಕೆಲವರು ಪೆಟ್ಟಿಗೆಯನ್ನು ಕೃಷ್ಣರಾಜಪುರದ ನೆಂಟರ ಮನೆಯಲ್ಲಿ ಇರಿಸಿ, ಮಕ್ಕಳನ್ನು ಭಾನುವಾರ ಅಲ್ಲಿಗೆ ಕಳಿಸುತ್ತಿದ್ದದ್ದೂ ಉಂಟು.

ವಿ.ಎಸ್.ಎನ್.ಎಲ್. ಸಂಸ್ಥೆ 1995ರ ಆಗಸ್ಟ್ 15ರಂದು ಸಾರ್ವಜನಿಕರಿಗೆ ಇಂಟರ್‌ನೆಟ್ ತೆರೆಯಿತು. ನಮ್ಮ ಕಡೆಗೆ ಅದು ದೂರದ ಸುದ್ದಿ. ಫೋನಿಗೇ ಸರದಿಯಲ್ಲಿ ನಿಂತ ಊರಿಗೆ ಮೋಡೆಮ್ ಎಲ್ಲಿಂದ? 1996ರಲ್ಲಿ ಬ್ರಿಗೇಡ್ ರಸ್ತೆಯಲ್ಲಿ ಕೆಫೆ ಕಾಫಿ ಡೇ ಶುರುವಾದಾಗ ಅದು ಕಾಫಿಯ ಜೊತೆ ಇಂಟರ್‌ನೆಟ್ಟನ್ನೂ ಗಂಟೆ ಲೆಕ್ಕದಲ್ಲಿ ಕೊಡುತ್ತಿತ್ತು. ಒಂದು ಲೋಟ ಕಾಫಿಗೆ ಅಷ್ಟೊಂದೇ ಎಂದು ನಮ್ಮವರು ಆಚೆಯಿಂದಲೇ ನೋಡಿ ಬಂದರು.

ಈಗ ನಮಗೆ ಬಹಳ ಮುಖ್ಯವಾಗಿ ಕಾಣುವ ಒಂದು ಸಂಗತಿ. ಮಕ್ಕಳ ವಿದ್ಯಾಭ್ಯಾಸಕ್ಕೆ ಅಂತ ಸಾಲ ಮಾಡಿ ತಂದ ಆ ಸಿ.ಡಿ.ಗಳಲ್ಲಿ ಕನ್ನಡ ಒಂದಕ್ಷರವೂ ಇರಲಿಲ್ಲ. ಆಫ್ರಿಕಾದ ಸಿಂಹ ಗರ್ಜಿಸುತ್ತಿತ್ತು, ಮೊಜಾರ್ಟನ ಸಂಗೀತ ಕೇಳುತ್ತಿತ್ತು, ಚಂದ್ರನ ಮೇಲೆ ಮನುಷ್ಯ ಕಾಲಿಡುತ್ತಿದ್ದ. ಕನ್ನಡ ಶಾಲೆಯ ಮಗುವಿಗೆ ಚಿತ್ರ ಬಿಟ್ಟರೆ ಬೇರೆ ದಕ್ಕಲಿಲ್ಲ. ಸಿಂಹ ಎರಡು ಸಲ ಗರ್ಜಿಸಿದ ಮೇಲೆ ಮೂರನೇ ಸಲಕ್ಕೆ ಯಾರಿಗೂ ಬೇಡ. ಮಲ್ಟಿಮೀಡಿಯಾ ಎಂಬುದು ಕೊಳ್ಳಲು ಒಂದು ನೆಪವಾಯಿತೇ ಹೊರತು, ನಮ್ಮ ಮಕ್ಕಳು ಕಲಿತದ್ದು ಅದರಿಂದಲ್ಲ ಎಂಬುದು ನಮ್ಮ ಅಭಿಪ್ರಾಯ.

ಹಾಗಾದರೆ ಯಾತರಿಂದ ಕಲಿತರು? ಪೆಟ್ಟಿಗೆ ಬಿಚ್ಚುವುದರಿಂದ ಕಲಿತರು. ಅಸೆಂಬಲ್ಡ್ ಯಂತ್ರ ಮೂರು ತಿಂಗಳಿಗೊಮ್ಮೆ ಕೈಕೊಡುತ್ತಿತ್ತು. ಎಸ್.ಪಿ. ರಸ್ತೆಯ ಹುಡುಗ ಇಷ್ಟು ದೂರ ಬರುವುದಿಲ್ಲ. ಮನೆಯಲ್ಲೇ ನಾಲ್ಕು ಸ್ಕ್ರೂ ಬಿಚ್ಚಿ, ಮೆಮೊರಿ ಕಾರ್ಡನ್ನು ಕಿತ್ತು ಪೆನ್ಸಿಲ್ ರಬ್ಬರಿನಲ್ಲಿ ಉಜ್ಜಿ ಮತ್ತೆ ಕೂರಿಸಿದರೆ ಅರ್ಧ ರೋಗ ವಾಸಿ. ಐ.ಟಿ.ಐ.ಗೆ ಹೋಗುತ್ತಿದ್ದ ತಾಯಿ ಬೆಸುಗೆಯ ಕಡ್ಡಿ ಹಿಡಿದು ತೋರಿಸಿಕೊಟ್ಟದ್ದು, ಮಗ ಅದನ್ನು ಮೂರು ಮನೆಗೆ ಹೋಗಿ ಮಾಡಿದ್ದು, ಹೀಗೆ ವಿದ್ಯೆ ಹಬ್ಬಿತು. 1999ರ ಏಪ್ರಿಲ್ 26ರಂದು ಸಿ.ಐ.ಎಚ್. ಎಂಬ ವೈರಸ್ಸು ಜಗತ್ತಿನಾದ್ಯಂತ ಎದ್ದಿತು. ಅದು ಹಾರ್ಡ್ ಡಿಸ್ಕಿನ ಮೊದಲ ಭಾಗವನ್ನು ಅಳಿಸಿ, ಸಾಧ್ಯವಾದ ಕಡೆ ಮದರ್‌ಬೋರ್ಡಿನ ಬಯೋಸ್ ಚಿಪ್ಪನ್ನೇ ಕೆಡಿಸುತ್ತಿತ್ತು. ಏಷ್ಯಾದ ದೇಶಗಳಿಗೆ ಪೆಟ್ಟು ಜಾಸ್ತಿ ಬಿತ್ತು, ಕಳ್ಳ ನಕಲಿನ ಸಿ.ಡಿ.ಗಳು ಇಲ್ಲೇ ಹೆಚ್ಚಲ್ಲವೇ! ಪೆಟ್ಟಿಗೆಗಳು ಗುಂಡಿ ಒತ್ತಿದರೂ ಏಳದೆ ಕೂತವು. ಅವುಗಳನ್ನು ಎಬ್ಬಿಸಲು ಓಡಾಡಿದ ಹುಡುಗರೇ ಮುಂದೆ ಕೃಷ್ಣರಾಜಪುರ, ಟಿನ್ ಫ್ಯಾಕ್ಟರಿ, ಹಲಸೂರಿನಲ್ಲಿ ಬೋರ್ಡು ಹಾಕಿಕೊಂಡು ಕೂತರು.

ಎರಡನೆಯದು ಅಕ್ಷರ. ಶಿವಾಜಿನಗರದ ಮುದ್ರಣಾಲಯಗಳಲ್ಲಿ ಮೊಳೆ ಜೋಡಿಸುವ ಕೆಲಸ ತೊಂಬತ್ತರ ದಶಕದಲ್ಲಿ ಒಂದೊಂದಾಗಿ ನಿಂತು ಡಿ.ಟಿ.ಪಿ. ಬಂತು. ಒಂದೇ ಬೀದಿಯಲ್ಲಿ ಉರ್ದು, ತಮಿಳು, ಕನ್ನಡ, ಇಂಗ್ಲಿಷ್ ನಾಲ್ಕರಲ್ಲೂ ಮದುವೆ ಕಾಗದ ಮಾಡುವ ಜಾಗ ಅದು. 1994ರಲ್ಲಿ ಇನ್‌ಪೇಜ್ ತಂತ್ರಾಂಶ ಬಂದ ಮೇಲೆ ಉರ್ದು ಬರೆಯುತ್ತಿದ್ದ ಕಾತಿಬರ ಕೆಲಸ ಕಂಪ್ಯೂಟರಿಗೆ ಹೋಯಿತು. ಕನ್ನಡಕ್ಕೆ ಕೆ.ಪಿ. ರಾವ್ ಅವರು ಬಹಳ ಮೊದಲೇ ಕೀಲಿಮಣೆಯ ವಿನ್ಯಾಸ ಮಾಡಿ ದಾರಿ ಹಾಕಿಕೊಟ್ಟಿದ್ದರು. 1998ರಲ್ಲಿ ಶೇಷಾದ್ರಿವಾಸು ಅವರ ‘ಬರಹ’ ಪುಕ್ಕಟೆಯಾಗಿ ಸಿಕ್ಕಿದ್ದೇ ತಡ, ಫ್ಲಾಪಿಯಿಂದ ಫ್ಲಾಪಿಗೆ, ಮನೆಯಿಂದ ಮನೆಗೆ ಓಡಾಡಿತು. ಆಮೇಲೆ ಕನ್ನಡ ಗಣಕ ಪರಿಷತ್ತಿನ ‘ನುಡಿ’ ಬಂತು. ಟಿ.ವಿ.ಎಸ್. ಕಂಪನಿಯ ಗಟ್ಟಿ ಕೀಬೋರ್ಡು, ಕಿರ್ರ್ ಎಂದು ಊರಿಗೆಲ್ಲ ಕೇಳುವ ಡಾಟ್ ಮ್ಯಾಟ್ರಿಕ್ಸ್ ಪ್ರಿಂಟರು ಇದ್ದ ಮನೆಗೆ ಪಂಚಾಯ್ತಿ ಅರ್ಜಿ, ಶಾಲೆಯ ಪ್ರಶ್ನೆಪತ್ರಿಕೆ, ಗಣೇಶನ ಹಬ್ಬದ ಕರಪತ್ರ ಹುಡುಕಿಕೊಂಡು ಬಂದವು. ಪುಟಕ್ಕೆ ಇಷ್ಟು ರೂಪಾಯಿ ಅಂತ. ‘ಕಂಪ್ಯೂಟರು ಏನು ಕೊಡುತ್ತೆ?’ ಅಂದವರಿಗೆ ಅರ್ಧ ಉತ್ತರ ಅಲ್ಲಿ ಸಿಕ್ಕಿತು.

ಉಳಿದರ್ಧ ಉತ್ತರ ಸ್ವಲ್ಪ ಕಹಿ. 1994ರ ಟೆಲಿಕಾಂ ನೀತಿಯ ನಂತರ ಹೊರಗಿನ ಕಂಪನಿಗಳ ಸ್ಪರ್ಧೆಯಲ್ಲಿ ಐ.ಟಿ.ಐ. ಸೊರಗುತ್ತಾ ಬಂತು, ಸ್ವಯಂ ನಿವೃತ್ತಿಯ 

ಕಾಗದಗಳು ಬಂದವು. ಎನ್.ಜಿ.ಇ.ಎಫ್. 2002ರಲ್ಲಿ ಮುಚ್ಚಿಯೇ ಹೋಯಿತು. ಅದೇ ಹೊತ್ತಿಗೆ ಇನ್ನಷ್ಟು ಪೂರ್ವಕ್ಕೆ, ವೈಟ್‌ಫೀಲ್ಡಿನಲ್ಲಿ, ಐ.ಟಿ.ಪಿ.ಎಲ್.ನ ಗಾಜಿನ ಕಟ್ಟಡಗಳು ಏಳುತ್ತಿದ್ದವು. ತಂದೆಯ ಗೇಟು ಮುಚ್ಚಿತು, ಮಕ್ಕಳ ಗೇಟು ತೆರೆಯಿತು ಎಂದು ಹೇಳುವುದು ಸುಲಭ, ಆದರೆ ಎಲ್ಲ ಮನೆಗಳಲ್ಲೂ ಹಾಗಾಗಲಿಲ್ಲ. ಇಂಗ್ಲಿಷ್ ಇದ್ದವರು ಒಳಗೆ ಕೂತರು. ಇಲ್ಲದವರು ಅದೇ ಕಟ್ಟಡಗಳಿಗೆ ವೈರಿಂಗ್ ಮಾಡಿದರು, ಕ್ಯಾಬ್ ಓಡಿಸಿದರು. ಇಬ್ಬರ ಮನೆಯಲ್ಲೂ ಒಂದೇ ತರಹದ ಪೆಟ್ಟಿಗೆ ಇತ್ತು, ಇಬ್ಬರೂ ಒಂದೇ ಬಡ್ಡಿ ಕಟ್ಟಿದ್ದರು. ಯಾರಿಗೆ ಯಾಕೆ ದಕ್ಕಿತು ಎಂಬುದು ಪೆಟ್ಟಿಗೆಯ ಕೈಯಲ್ಲಿ ಇರಲಿಲ್ಲ.

ರೈತರಿಗೆ ಕಂಪ್ಯೂಟರೆಂದರೆ ಏನು ಅಂತ ಮೊದಲು ಗೊತ್ತಾದದ್ದು ಮನೆಯಲ್ಲಲ್ಲ, ತಾಲ್ಲೂಕು ಕಚೇರಿಯಲ್ಲಿ. ‘ಭೂಮಿ’ ಯೋಜನೆಯಲ್ಲಿ ರಾಜ್ಯದ ಪಹಣಿಗಳೆಲ್ಲ ಕಂಪ್ಯೂಟರಿಗೆ ಹೋಗಿ, 2002ರ ಹೊತ್ತಿಗೆ ಎಲ್ಲ ತಾಲ್ಲೂಕುಗಳಲ್ಲೂ 15 ರೂಪಾಯಿಗೆ ಅಚ್ಚಾದ ಪಹಣಿ ಸಿಗುವಂತಾಯಿತು, ಕೈಬರಹದ ಪಹಣಿಗೆ ಬೆಲೆ ಹೋಯಿತು. ನಮ್ಮೂರ ಹುಡುಗರು ಕಿಟಕಿಯಲ್ಲಿ ಇಣುಕಿ, ಒಳಗಿದ್ದ ಯಂತ್ರ ತಮ್ಮ ಮನೆಯದಕ್ಕಿಂತ ಎಷ್ಟು ಹಳೆಯದು ಎಂದು ಹೇಳಿ ದೊಡ್ಡವರಿಂದ ಬೈಸಿಕೊಂಡರು. ಸಂಘಗಳ ಲೆಕ್ಕ ಬರೆಯುವುದಕ್ಕೆ ನಮ್ಮ ಬೆಂಗಳೂರಿನಲ್ಲೇ 1986ರಲ್ಲಿ ಹುಟ್ಟಿದ ಕಂಪನಿಯ ಟ್ಯಾಲಿ ಬಂತು. 2022ರ ಜೂನ್‌ನಲ್ಲಿ ಕೇಂದ್ರ ಸರ್ಕಾರ ದೇಶದ 63,000 ಪ್ರಾಥಮಿಕ ಕೃಷಿ ಪತ್ತಿನ ಸಂಘಗಳನ್ನು ಗಣಕೀಕರಣ ಮಾಡಲು 2,516 ಕೋಟಿ ರೂಪಾಯಿಯ ಯೋಜನೆಗೆ ಒಪ್ಪಿಗೆ ಕೊಟ್ಟಿತು. ಸದಸ್ಯರ ಮನೆಗೆ ಕಂಪ್ಯೂಟರು ಬಂದು ಇಪ್ಪತ್ತೈದು ವರ್ಷದ ಮೇಲೆ ಸಂಘಗಳಿಗೆ ಸರ್ಕಾರದ ಕಂಪ್ಯೂಟರು!

ಆ ಹಳೆಯ ಪೆಟ್ಟಿಗೆಗಳು ಬಹುಪಾಲು ಗುಜರಿಗೆ ಹೋದವು. ಮಾನಿಟರಿನ ದಪ್ಪ ಗಾಜಿನಲ್ಲಿ ಸೀಸ ಇರುವುದರಿಂದ ಅದನ್ನು ಒಡೆದು ಸುಡುವುದು ಅಪಾಯ ಎಂಬ ಅರಿವು, ಇ-ತ್ಯಾಜ್ಯದ ನಿಯಮ ಎಲ್ಲ ಆಮೇಲೆ ಬಂದವು, 2012ರಿಂದೀಚೆಗೆ. ಇನ್ನೂ ಅಟ್ಟದ ಮೇಲೆ ಇಟ್ಟುಕೊಂಡವರು ದಯವಿಟ್ಟು ಒಡೆಯಬೇಡಿ. ಎಸ್.ಪಿ. ರಸ್ತೆಯ ಹಳೇ ಕೊಟೇಶನ್ ಚೀಟಿ, ಕಂತು ಕಟ್ಟಿದ ರಸೀತಿ, ಹೂವು ಮುಡಿಸಿದ ಕಂಪ್ಯೂಟರಿನ ಆಯುಧಪೂಜೆಯ ಫೋಟೋ ಯಾರ ಮನೆಯಲ್ಲಾದರೂ ಇದ್ದರೆ ಸಂಘದ ಕಚೇರಿಗೆ ತಂದುಕೊಡಬೇಕಾಗಿ ವಿನಂತಿ. ನಕಲು ತೆಗೆದುಕೊಂಡು ಮೂಲವನ್ನು ಹಿಂತಿರುಗಿಸುತ್ತೇವೆ.